ಡೋಲಿ ಹೊರುವವರು

ಇಪ್ಪತ್ತು ಇಪ್ಪತ್ತೈದು ವರ್ಷಗಳ ಹಿಂದೆ ಮೈಸೂರಿನ ಮಂಡಿ ಮೊಹಲ್ಲಾದಿಂದ ಬನ್ನಿಮಂಟಪದವರೆಗೆ ಯಾವ ರಸ್ತೆ ಹಿಡಿದು ನಡೆದರೂ ಒಂದೆರಡು ಡಿಟಿಪಿ ಸೆಂಟರುಗಳ ಬೋರ್ಡು ಕಣ್ಣಿಗೆ ಬೀಳುತ್ತಿತ್ತು. ಹತ್ತಡಿ ಅಗಲದ ಕೋಣೆ, ಎರಡು ಕಂಪ್ಯೂಟರು, ಧೂಳು ಕೂರದಂತೆ ಅವುಗಳ ಮೇಲೆ ಹೊದಿಸಿದ ಹೂವಿನ ಬಟ್ಟೆ, ಮೂಲೆಯಲ್ಲೊಂದು ಲೇಸರ್ ಪ್ರಿಂಟರು. ಮದುವೆಯ ಕಾರ್ಡು ಒಂದೇ ಆದರೂ ಅದಕ್ಕೆ ಭಾಷೆ ಮೂರು. ಮನೆಯ ಹಿರಿಯರಿಗೆ ಉರ್ದು, ನೆರೆಯವರಿಗೂ ಆಫೀಸಿನವರಿಗೂ ಕನ್ನಡ, ದುಬೈಯಲ್ಲಿರುವ ಮಾಮೂಗೆ ಇಂಗ್ಲಿಷು. ಉರ್ದುವಿಗೆ 1994ರಲ್ಲಿ ಬಂದ ಇನ್‌ಪೇಜ್ ಇತ್ತು. ಅದು ಬಳಸುತ್ತಿದ್ದ ನೂರಿ ನಸ್ತಾಲೀಖ್ ಅಕ್ಷರಗಳನ್ನು ಮಿರ್ಜಾ ಅಹ್ಮದ್ ಜಮೀಲ್ ಅವರು 1981ರ ಹೊತ್ತಿಗೆ ಕಂಪ್ಯೂಟರಿಗೆ ಒಗ್ಗಿಸಿದ್ದರು. ಸುಮಾರು 20 ಸಾವಿರ ಅಕ್ಷರಜೋಡಿಗಳನ್ನು ಒಂದೊಂದಾಗಿ ಬರೆದು ಮಾಡಿದ ಕೆಲಸ ಅದು. ಕನ್ನಡಕ್ಕೆ ಶ್ರೀಲಿಪಿ, ಆಕೃತಿ, ಪ್ರಕಾಶಕ್ ಇದ್ದವು. 1998ರಲ್ಲಿ ಶೇಷಾದ್ರಿವಾಸು ಅವರ 'ಬರಹ' ಬಂತು. ಆಮೇಲೆ ಕನ್ನಡ ಗಣಕ ಪರಿಷತ್ತಿನ 'ನುಡಿ' ಬಂತು. ಇವುಗಳಲ್ಲಿ ಟೈಪಾದದ್ದೆಲ್ಲ ಕೊನೆಗೆ ಪೇಜ್‌ಮೇಕರಿನಲ್ಲಿ ಪುಟವಾಗಿ ಕೂರುತ್ತಿತ್ತು.

ಅಂಥದೊಂದು ಸೆಂಟರಿನಲ್ಲಿ ನಾನು ಮೂರು ವರ್ಷ ಕೀಲಿಮಣೆ ಕುಟ್ಟಿದವಳು. ಉರ್ದು ಶಾಲೆಯಲ್ಲೂ ಕನ್ನಡ ಶಾಲೆಯಲ್ಲೂ ಓದಿದ್ದರಿಂದ ಎರಡೂ ಕೈಗೆ ಬರುತ್ತಿದ್ದವು, ಅದೇ ನನ್ನ ಅರ್ಹತೆ. ಮಾಲೀಕರನ್ನು ಎಲ್ಲರೂ ಚಚ್ಚಾ ಎನ್ನುತ್ತಿದ್ದರು. ಹೊಸ ತಂತ್ರಾಂಶದ ಸೀಡಿ ಬಂದ ದಿನ ಅವರು ಬಿಸ್ಮಿಲ್ಲಾ ಹೇಳಿಯೇ ಅದನ್ನು ಡ್ರೈವಿಗೆ ಹಾಕುತ್ತಿದ್ದರು. 'ಸೆಟಪ್' ಎಂಬ ಚಿಕ್ಕ ಚಿತ್ರದ ಮೇಲೆ ಎರಡು ಸಲ ಒತ್ತಿದರೆ ಪರದೆ ನೀಲಿಯಾಗಿ, ಒಂದು ಪಟ್ಟಿ ಎಡದಿಂದ ಬಲಕ್ಕೆ ತುಂಬುತ್ತಾ ಹೋಗುತ್ತಿತ್ತು. ಅದು ನೂರಕ್ಕೆ ಮುಟ್ಟುವವರೆಗೆ ಕರೆಂಟು ಹೋಗದಿರಲಿ ಎಂಬುದೇ ಎಲ್ಲರ ದುಆ.

ಈ ಸೆಟಪ್ ಎಂಬುದು ತಂತ್ರಾಂಶವಲ್ಲ, ತಂತ್ರಾಂಶವನ್ನು ಮನೆಗೆ ತಲುಪಿಸುವ ಆಳು. ಮದುಮಗಳನ್ನು ಡೋಲಿಯಲ್ಲಿ ಕೂರಿಸಿ ತಂದು ಗಂಡನ ಮನೆಯ ಹೊಸ್ತಿಲಲ್ಲಿ ಇಳಿಸಿ ಹೊರಟುಹೋಗುವವರಂತೆ. ಕೆಲಸ ಮುಗಿದ ಮೇಲೆ ಅವರನ್ನು ಯಾರೂ ನೆನೆಯುವುದಿಲ್ಲ. ಹೊರುವವರು ಇಲ್ಲದಾಗ ಮಾತ್ರ ನೆನಪು ಬರುತ್ತದೆ.

2024ರ ಕೊನೆಯಲ್ಲಿ ನಮಗೆ ಬಂದದ್ದು ಅದೇ ಗತಿ. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ಹುಡುಗಿಯೊಬ್ಬಳು ಒಂದು ಸೀಡಿ ಹಿಡಿದುಕೊಂಡು ನನ್ನನ್ನು ಹುಡುಕಿ ಬಂದಳು. ಅವಳ ದಾದಿ ನನ್ನ ಉರ್ದು ಶಾಲೆಯ ಟೀಚರು. ನಾವೆಲ್ಲ ಅವರನ್ನು ಆಪಾ ಎನ್ನುತ್ತಿದ್ದೆವು. ನಿವೃತ್ತರಾದ ಮೇಲೆ ಆಪಾ ಒಂದು ಹುಚ್ಚು ಹಿಡಿಸಿಕೊಂಡರು. ಬೀಡಿ ಕಟ್ಟುವ, ಊದುಬತ್ತಿ ಹೊಸೆಯುವ ಹೆಂಗಸರ ಮನೆಮನೆಗೆ ಹೋಗಿ ಮದುವೆಮನೆಯ ಹಾಡುಗಳನ್ನು ಬರೆದುಕೊಳ್ಳುವುದು. ಅರಿಸಿನ ಹಚ್ಚುವಾಗ ಹಾಡುವವು, ಬೀಗಿತಿಯನ್ನು ಕೆಣಕುವವು, ಹೆಣ್ಣನ್ನು ಕಳಿಸಿಕೊಡುವಾಗ ಹಾಡಿ ಅಳುವವು. ಭಾಷೆ ಉರ್ದು ಪುಸ್ತಕಗಳಲ್ಲಿ ಕಾಣದ, ನಮ್ಮ ಅಮ್ಮಂದಿರು ಆಡುವ ದಖ್ನಿ. ಹೀಗೆ 86 ಹಾಡು ಕೂಡಿದವು. ಆಪಾ ಅವನ್ನು ಕನ್ನಡ ಲಿಪಿಯಲ್ಲಿ ಅಚ್ಚು ಹಾಕಿಸಬೇಕೆಂದರು. "ಈ ಹಾಡು ಮುಂದೆ ಹಾಡಬೇಕಾದ ಹುಡುಗಿಯರು ಓದುತ್ತಿರುವುದು ಕನ್ನಡ. ಅವರ ಕೈಗೆ ಸಿಗದ ಲಿಪಿಯಲ್ಲಿ ಬರೆದು ಯಾರಿಗೆ ಕೊಡಲಿ?" ಎಂಬುದು ಅವರ ವಾದ. 2002ರಲ್ಲಿ ಆ ಪುಟಗಳನ್ನು ಟೈಪು ಮಾಡಿದವಳು ನಾನು. ಅಚ್ಚಿಗೆ ಹಣ ಕೂಡಲಿಲ್ಲ. 2009ರಲ್ಲಿ ಆಪಾ ತೀರಿಕೊಂಡರು. ಕೈಬರಹದ ನೋಟ್‌ಬುಕ್ಕುಗಳು ಮನೆ ಬದಲಾಯಿಸುವಾಗ ಎಲ್ಲಿಯೋ ಹೋದವು. ಹಾಡಿದ ಹೆಂಗಸರಲ್ಲಿ ಹೆಚ್ಚಿನವರು ಈಗಿಲ್ಲ. ಉಳಿದದ್ದು ಈ ಸೀಡಿ.

ಅದರೊಳಗೆ ಏನಿದೆಯೋ ಎಂಬುದಕ್ಕಿಂತ ಮೊದಲು, ಅದನ್ನು ಹಾಕುವುದಕ್ಕೆ ಜಾಗವಿರಲಿಲ್ಲ. ಈಗಿನ ಲ್ಯಾಪ್‌ಟಾಪುಗಳಲ್ಲಿ ಸೀಡಿಗೆ ಬಾಯಿಯೇ ಇಲ್ಲ. ಹೊರಗಿನಿಂದ ಜೋಡಿಸುವ ಡ್ರೈವೊಂದನ್ನು ಬನ್ನಿಮಂಟಪದ ರಿಪೇರಿ ಅಂಗಡಿಯ ಹುಡುಗ ತಂದುಕೊಟ್ಟ. ಪುಣ್ಯಕ್ಕೆ ಸೀಡಿ ಕೆಟ್ಟಿರಲಿಲ್ಲ. ಅದರಲ್ಲಿ ಪೇಜ್‌ಮೇಕರ್ ಕಡತಗಳಿದ್ದವು, ಜೊತೆಗೆ ಆ ಕಾಲದಲ್ಲಿ ಚಚ್ಚಾ ಕೊಂಡಿದ್ದ ಒಂದು ಕನ್ನಡ ತಂತ್ರಾಂಶದ ಸೆಟಪ್. ಕಡತವನ್ನು ಹೇಗೋ ತೆರೆದರೆ ಕಂಡದ್ದು ರೋಮನ್ ಅಕ್ಷರ, ಡಾಲರ್ ಗುರುತು, ಆಶ್ಚರ್ಯಸೂಚಕಗಳ ಸಂತೆ.

ಇದಕ್ಕೆ ಕಾರಣ ಸರಳವಾದದ್ದು. ಯೂನಿಕೋಡಿಗಿಂತ ಹಿಂದಿನ ಕನ್ನಡ ತಂತ್ರಾಂಶಗಳು ಇಂಗ್ಲಿಷ್ ಅಕ್ಷರಗಳಿಗೆ ಮೀಸಲಾದ ಸಂಖ್ಯೆಗಳ ಮೇಲೆಯೇ ಕನ್ನಡದ ತುಂಡುಗಳನ್ನು ಕೂರಿಸುತ್ತಿದ್ದವು. ತಲೆಕಟ್ಟು ಒಂದು ಸಂಖ್ಯೆ, ಕೊಂಬು ಇನ್ನೊಂದು, ಒತ್ತಕ್ಷರ ಮತ್ತೊಂದು. ಯಾವ ತುಂಡಿಗೆ ಯಾವ ಸಂಖ್ಯೆ ಎಂಬುದು ಒಂದೊಂದು ಕಂಪೆನಿಗೆ ಒಂದೊಂದು ರೀತಿ. ಆ ಫಾಂಟು ಇದ್ದರೆ ಕನ್ನಡ, ಇಲ್ಲದಿದ್ದರೆ ಕಸ. ಹೆಚ್ಚು ಬಳಕೆಯಲ್ಲಿದ್ದ ಫಾಂಟುಗಳ ಬರಹವನ್ನು ಯೂನಿಕೋಡಿಗೆ ತಿರುಗಿಸುವ ಪರಿವರ್ತಕಗಳನ್ನು ಕನ್ನಡದ ತರುಣರು ಬರೆದು ಪುಕ್ಕಟೆಯಾಗಿ ಹಂಚಿದ್ದಾರೆ. ನಮ್ಮ ಸೀಡಿಯ ಫಾಂಟು ಅಷ್ಟು ಹೆಸರು ಮಾಡಿದ್ದಲ್ಲ. ಅದು ಸೆಟಪ್ಪಿನ ಹೊಟ್ಟೆಯೊಳಗೆ ಬೀಗ ಹಾಕಿಕೊಂಡು ಕೂತಿತ್ತು. ಸೆಟಪ್ ಓಡಿದರೆ ಮಾತ್ರ ಹೊರಗೆ ಬರುತ್ತಿತ್ತು.

ಹುಡುಗ ಎರಡು ಸಲ ಒತ್ತಿದ. ಈ ಆ್ಯಪ್ ನಿಮ್ಮ ಪಿಸಿಯಲ್ಲಿ ಓಡುವುದಿಲ್ಲ ಎಂಬ ಅರ್ಥದ ಒಂದು ಸಾಲು ಬಂತು. "ಇದು ಹದಿನಾರು ಬಿಟ್ಟಿಂದು ಮೇಡಂ. ಈಗಿನ ಸಿಸ್ಟಂ ಇದನ್ನ ಮೂಸೂ ನೋಡಲ್ಲ" ಎಂದ.

ಅವನು ಆ ಸಂಜೆ ಬಿಡಿಸಿ ಹೇಳಿದ್ದನ್ನು ನನಗೆ ತಿಳಿದಷ್ಟು ಬರೆಯುತ್ತೇನೆ. ಕಂಪ್ಯೂಟರಿನ ಮಿದುಳು ಒಂದೇ ಬಾರಿಗೆ ಎಷ್ಟು ದೊಡ್ಡ ಸಂಖ್ಯೆಯನ್ನು ಹಿಡಿಯಬಲ್ಲದು ಎಂಬುದಕ್ಕೆ ಬಿಟ್ ಎಂಬ ಅಳತೆ. ಇಂಟೆಲ್‌ನ 1978ರ 8086 ಚಿಪ್ಪು 16 ಬಿಟ್ಟಿನದು. 1985ರ 386 ಚಿಪ್ಪು 32 ಬಿಟ್ಟಿನದು. 2003ರಲ್ಲಿ ಎಎಂಡಿ ಕಂಪೆನಿ ಸಾಮಾನ್ಯ ಮನೆಯ ಕಂಪ್ಯೂಟರಿಗೂ 64 ಬಿಟ್ಟಿನ ಚಿಪ್ಪು ತಂದಿತು. ವಿಂಡೋಸ್ 3.1 ಹದಿನಾರರ ಕಾಲದ್ದು, ವಿಂಡೋಸ್ 95 ಬಂದದ್ದು ಮೂವತ್ತೆರಡಕ್ಕೆ ಕಾಲಿಡುತ್ತ. ಆ ಸಂಧಿಕಾಲದಲ್ಲಿ ತಂತ್ರಾಂಶ ಮಾಡಿದವರು ಒಳಗಿನ ಸರಕನ್ನು 32 ಬಿಟ್ಟಿನಲ್ಲಿ ಬರೆದರೂ, ಹಳೆಯದರಲ್ಲೂ ಹೊಸದರಲ್ಲೂ ಬಾಗಿಲು ತೆರೆಯಲಿ ಎಂದು ಸೆಟಪ್ಪನ್ನು ಮಾತ್ರ ಎಷ್ಟೋ ವೇಳೆ 16 ಬಿಟ್ಟಿನಲ್ಲೇ ಉಳಿಸಿದರು. 64 ಬಿಟ್ಟಿನ ವಿಂಡೋಸಿನಲ್ಲಿ ಹದಿನಾರರ ಕಾರ್ಯಕ್ರಮ ನಡೆಸುವ ಏರ್ಪಾಡನ್ನೇ ಮೈಕ್ರೋಸಾಫ್ಟ್ ಕೈಬಿಟ್ಟಿತು. ಹೆಸರಾಂತ ಒಂದೆರಡು ಬಗೆಯ ಹಳೆಯ ಸೆಟಪ್ಪುಗಳನ್ನು ಮಾತ್ರ ಅದು ಗುರುತು ಹಿಡಿದು, ಅವುಗಳ ಬದಲಿಗೆ ತನ್ನದೇ 32 ಬಿಟ್ಟಿನ ಆಳನ್ನು ಕಳಿಸುತ್ತದೆ. ಉಳಿದವು ಹೊರಗೇ. 2021ರಲ್ಲಿ ಬಂದ ವಿಂಡೋಸ್ 11ಕ್ಕೆ 32 ಬಿಟ್ಟಿನ ಆವೃತ್ತಿಯೇ ಇಲ್ಲ. ಅಂಥ ಆವೃತ್ತಿ ಇದ್ದ ಕೊನೆಯದು ವಿಂಡೋಸ್ 10. ಅದಕ್ಕೆ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿಯಿತು.

ಅಂದರೆ ಮದುಮಗಳು ಡೋಲಿಯೊಳಗೆ ಚೆನ್ನಾಗಿಯೇ ಇದ್ದಾಳೆ, ಹೊರುವವರು ಸತ್ತಿದ್ದಾರೆ.

ಹುಡುಗ ಸುಮ್ಮನೆ ಬಿಡುವವನಲ್ಲ. ಮಂಡ್ಯ ಕಡೆಯವನು, ವಯಸ್ಸು ಇಪ್ಪತ್ತಾರೋ ಏಳೋ. ಈ ಸೆಟಪ್ ಹುಟ್ಟಿದಾಗ ಅವನು ಅಂಗನವಾಡಿಗೂ ಹೋಗುತ್ತಿರಲಿಲ್ಲ. ಮೊದಲು ಕಂಪ್ಯೂಟರಿಗೆ ಹಳೆಯ ವಿಂಡೋಸಿನ ವೇಷ ಹಾಕಿಸಿ ನೋಡಿದ. ವೇಷ ಬದಲಾಯಿತೇ ಹೊರತು ಮೈ ಬದಲಾಗಲಿಲ್ಲ. ಆಮೇಲೆ ಕಂಪ್ಯೂಟರಿನೊಳಗೇ ಇನ್ನೊಂದು ಸುಳ್ಳು ಕಂಪ್ಯೂಟರು ಕಟ್ಟಿದ. ವರ್ಚುವಲ್ ಬಾಕ್ಸ್ ಎಂಬ ಪುಕ್ಕಟೆ ತಂತ್ರಾಂಶದಿಂದ ಅದು ಸಾಧ್ಯ. ಒಳಗಿನ ಕಂಪ್ಯೂಟರಿಗೆ ತಾನು ಒಳಗಿದ್ದೇನೆಂದು ಗೊತ್ತಾಗುವುದಿಲ್ಲ. ಚಚ್ಚಾ ಅವರ ಬಳಿ ಇದ್ದ ವಿಂಡೋಸ್ ಎಕ್ಸ್‌ಪಿ ಸೀಡಿಯನ್ನು ಅದಕ್ಕೆ ಹಾಕಿದ. ಸೆಟಪ್ ಎದ್ದು ಕೂತಿತು! ಆದರೆ 'ಡಿಸ್ಕಿನಲ್ಲಿ ಜಾಗ ಸಾಲದು' ಎಂದು ನಿಂತಿತು. ಅವನು ಕೊಟ್ಟಿದ್ದು 20 ಜಿಬಿ, ಅದು ಕೇಳುತ್ತಿದ್ದುದು 30 ಎಂಬಿ. ನನಗೆ ನಗು ಬಂತು. ಹುಡುಗ ಸ್ವಲ್ಪ ಹೊತ್ತು ತಲೆ ಕೆರೆದುಕೊಂಡು, "ಜಾಗ ಜಾಸ್ತಿ ಆಗೋಯ್ತು ಮೇಡಂ" ಎಂದ. ಹಳೆಯ ಸೆಟಪ್ಪುಗಳು ಜಾಗವನ್ನು ಎಣಿಸುವ ಗೂಡು ಚಿಕ್ಕದು. ಸುಮಾರು 2 ಜಿಬಿ ದಾಟಿದರೆ ಲೆಕ್ಕ ಸೊನ್ನೆಯ ಕೆಳಗೆ ಜಾರುತ್ತದೆ, ಇಡೀ ಬಯಲು ಅದಕ್ಕೆ ಇರುಕಾಗಿ ಕಾಣುತ್ತದೆ. ಚಿಕ್ಕ ಡಿಸ್ಕು ಮಾಡಿಕೊಟ್ಟ. ಪಟ್ಟಿ ಎಡದಿಂದ ಬಲಕ್ಕೆ ತುಂಬಿತು. ಆಮೇಲೆ ಅದು ಬೀಗದ ಕೈ ಕೇಳಿತು.

ಆ ಕಾಲದ ದುಬಾರಿ ತಂತ್ರಾಂಶಗಳಿಗೆ ಡಾಂಗಲ್ ಎಂಬ ಬೆಂಕಿಪೊಟ್ಟಣದಷ್ಟು ಗಾತ್ರದ ಬೀಗ ಇರುತ್ತಿತ್ತು. ಕಂಪ್ಯೂಟರಿನ ಬೆನ್ನಿಗೆ, ಪ್ರಿಂಟರು ಸಿಕ್ಕಿಸುವ 25 ತೂತಿನ ಜಾಗದಲ್ಲಿ ಅದನ್ನು ಚುಚ್ಚಬೇಕು. ಅದು ಇಲ್ಲದಿದ್ದರೆ ತಂತ್ರಾಂಶ ಮಿಸುಕುವುದಿಲ್ಲ. ಇಂದಿನ ಯಂತ್ರಗಳಲ್ಲಿ ಆ ತೂತುಗಳಿಲ್ಲ. ಬದಲಿಯಾಗಿ ಸಿಗುವ ಯುಎಸ್‌ಬಿ ಕೇಬಲ್ಲು ಪ್ರಿಂಟರಿಗೆ ಸಾಕು, ಇಂಥ ಬೀಗಕ್ಕೆ ಸಾಲದು.

"ಇದಕ್ಕೆ ಕ್ರ್ಯಾಕ್ ಸಿಗ್ತದೆ. ಒಂದು ಫೈಲ್ ಬದಲಾಯಿಸಿದ್ರೆ ಬೀಗನೇ ಕೇಳಲ್ಲ" ಎಂದ ಹುಡುಗ.

ನಾನು ಉದಯಗಿರಿಗೆ ಹೋಗಿ ಚಚ್ಚಾ ಅವರನ್ನು ಕಂಡೆ. ಅಂಗಡಿ ಮುಚ್ಚಿ ಹನ್ನೆರಡು ವರ್ಷವಾಗಿದೆ. ಡಾಂಗಲ್ ಅತ್ತರಿನ ಖಾಲಿ ಶೀಶೆಗಳ ಜೊತೆ ಒಂದು ತಗಡಿನ ಡಬ್ಬಿಯಲ್ಲಿ ಭದ್ರವಾಗಿತ್ತು. ಕ್ರ್ಯಾಕಿನ ಮಾತು ಕೇಳಿ ಅವರ ಮುಖ ಚಿಕ್ಕದಾಯಿತು. "ಆಗ ಇಡೀ ರಸ್ತೆಯವರು ಕಳ್ಳ ಕಾಪಿ ಹಾಕ್ಕೊಂಡು ಧಂದೆ ಮಾಡಿದ್ರು ಬೇಟಾ. ನಿನ್ನ ಚಾಚಿಯ ಬಳೆ ಅಡವಿಟ್ಟು ನಾನು ಇದನ್ನ ತಂದೆ. ಈಗ ಸಾಯೋ ಕಾಲಕ್ಕೆ ನನ್ನದೇ ಮನೆಗೆ ಹಿತ್ತಿಲಿಂದ ನುಗ್ಗಲಾ?"

ನನಗೆ ಬೇರೆಯೇ ತೋರಿತು. ಹಣ ಕೊಟ್ಟು ಕೊಂಡವನು ತನ್ನ ವಸ್ತುವನ್ನು ಬಳಸಲು ಮಾಡಿಕೊಳ್ಳುವ ಉಪಾಯ ಕಳ್ಳತನ ಹೇಗಾಗುತ್ತದೆ? ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮು ಸಹ, ತಂತ್ರಾಂಶವನ್ನು ನ್ಯಾಯವಾಗಿ ಪಡೆದವನು ಅದು ಯಾವ ಕೆಲಸಕ್ಕೆಂದು ಕೊಡಲ್ಪಟ್ಟಿತೋ ಆ ಕೆಲಸಕ್ಕಾಗಿ ಪ್ರತಿ ಮಾಡಿಕೊಳ್ಳುವುದನ್ನು, ಮಾರ್ಪಡಿಸಿಕೊಳ್ಳುವುದನ್ನು ಉಲ್ಲಂಘನೆಯೆಂದು ಎಣಿಸುವುದಿಲ್ಲ. ಆಪಾ ನಮ್ಮ ಕೈಯಲ್ಲಿ ಇಟ್ಟುಹೋದದ್ದು ಅಮಾನತ್ತು. ಅಮಾನತ್ತನ್ನು ವಾರಸುದಾರರಿಗೆ ಮುಟ್ಟಿಸುವುದು ಬೀಗದ ಮರ್ಯಾದೆಗಿಂತ ದೊಡ್ಡದಲ್ಲವೇ ಎಂದೆ. ಚಚ್ಚಾ ಒಪ್ಪಿದರು. "ಖಾನೂನು ಸರಿ ಇರಬಹುದು. ನನ್ನ ಕೈ ಬರೋದಿಲ್ಲ. ಮೊದಲು ಮುಂಬಾಗಿಲು ತಟ್ಟಿ ನೋಡೋಣ, ತೆರೀದೇ ಇದ್ರೆ ನಿನ್ನ ಮಾತು" ಎಂದರು. ಆ ಮಾತಿನಲ್ಲಿ ಹಟಕ್ಕಿಂತ ಹೆಚ್ಚಾಗಿ ಒಂದು ಜೀವಮಾನದ ಲೆಕ್ಕವಿತ್ತು. ಪ್ರಾಮಾಣಿಕನಾಗಿದ್ದುದಕ್ಕೆ ಆತ ಸಾಲ ತೀರಿಸಿದ್ದು ಆರು ವರ್ಷ. ಅದಕ್ಕೆ ಬೆಲೆಯೇ ಇಲ್ಲ ಎಂದು ಹೇಳುವ ಧೈರ್ಯ ನನಗೂ ಬರಲಿಲ್ಲ.

ಮುಂಬಾಗಿಲು ಸಿಕ್ಕಿದ್ದು ಬನ್ನಿಮಂಟಪದಲ್ಲೇ. ಅಲ್ಲಿಯ ಒಂದು ಚಿಕ್ಕ ಊದುಬತ್ತಿ ಪ್ಯಾಕಿಂಗ್ ಕಾರ್ಖಾನೆಯಲ್ಲಿ ಬಿಲ್ಲು ಹಾಕಲು ಇನ್ನೂ ವಿಂಡೋಸ್ 98ರ ಒಂದು ಯಂತ್ರವಿದೆಯೆಂದು ಹುಡುಗನಿಗೆ ಗೊತ್ತಿತ್ತು. ವರ್ಷಕ್ಕೆರಡು ಸಲ ಅದರ ಧೂಳು ಕೊಡವುವವನು ಅವನೇ. ಮಾಲೀಕರು ಮೊದಲು ಹೆದರಿದರು. "ನನ್ನ ಬಿಲ್ಲೆಲ್ಲ ಅದರಲ್ಲೇ ಅದೆ, ಏನೂ ಆಗಬಾರದು ನೋಡಿ" ಎಂದು ಭಾನುವಾರ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ಕೂತರು. ಡಾಂಗಲ್ ಬೆನ್ನಿಗೆ ಹತ್ತಿತು. ಚಚ್ಚಾ ಬಿಸ್ಮಿಲ್ಲಾ ಹೇಳಿ ಸೀಡಿ ಹಾಕಿದರು. ಲಕ್ಷ ರೂಪಾಯಿಯ ಲ್ಯಾಪ್‌ಟಾಪು ಮೂರು ವಾರ ಮಾಡಲಾಗದ್ದನ್ನು ಆ ಮಾಸಲು ಬಿಳಿಯ ಡಬ್ಬಿ ನಾಲ್ಕು ನಿಮಿಷದಲ್ಲಿ ಮಾಡಿತು.

ಕಡತ ತೆರೆಯಿತು. ಆದರೆ ಅದನ್ನು ಹೊರಗೆ ತರುವುದು ಹೇಗೆ? ಆ ಯಂತ್ರ ಪೆನ್‌ಡ್ರೈವನ್ನು ಗುರುತಿಸಲಿಲ್ಲ. ಫ್ಲಾಪಿಯಲ್ಲಿ ಹಿಡಿಯುವುದು 1.44 ಎಂಬಿ. ಚಚ್ಚಾ ಹಳೆಯ ಕಸುಬುದಾರರ ದಾರಿ ಹಿಡಿದರು. ಆ ಡಾಂಗಲ್ಲುಗಳ ಇನ್ನೊಂದು ತುದಿಗೂ 25 ತೂತುಗಳಿರುತ್ತವೆ, ಅದರ ಬೆನ್ನಿಗೇ ಪ್ರಿಂಟರು ಸಿಕ್ಕಿಸಬಹುದು. ಮನೆಯಿಂದ ಆಟೋದಲ್ಲಿ ತಂದಿದ್ದ ಲೇಸರ್ ಪ್ರಿಂಟರನ್ನು ಅಲ್ಲಿಗೆ ಜೋಡಿಸಿದರು. 140 ಪುಟ ಕಾಗದದ ಮೇಲೆ ಬಂದವು. ಇಷ್ಟೆಲ್ಲ ವಿದ್ಯೆಯ ನಂತರ ಕೊನೆಗೆ ದಾಟಿಸಿದ್ದು ಕಾಗದವೇ.

ಇಷ್ಟು ಕಷ್ಟ ಏಕೆ, ಅಕ್ಷರದ ಕಸವನ್ನೇ ಹೇಗಾದರೂ ತಿರುಗಿಸಿಕೊಳ್ಳಬಹುದಿತ್ತಲ್ಲ ಎಂದು ಕೇಳುವವರಿಗೆ ಒಂದು ಚುಕ್ಕೆಯ ಕಥೆ ಹೇಳಬೇಕು. ದಖ್ನಿಯನ್ನು ಕನ್ನಡದಲ್ಲಿ ಬರೆಯುವಾಗ ಆಪಾ ನುಕ್ತೆಯ ವಿಷಯದಲ್ಲಿ ಕಟ್ಟುನಿಟ್ಟು. ಸಜಾ ಎಂದರೆ ಸಿಂಗರಿಸು, ಸಜ಼ಾ ಎಂದರೆ ಶಿಕ್ಷೆ. ರಾಜ್ ಎಂದರೆ ಆಳ್ವಿಕೆ, ರಾಜ಼್ ಎಂದರೆ ಗುಟ್ಟು. ಜ಼ರಾ ಎಂದರೆ ತುಸು. ಚುಕ್ಕೆ ಬಿಟ್ಟರೆ ಕನ್ನಡ ಓದಿದವರಿಗೆ ಅದು ಮುಪ್ಪು. ಮದುಮಗಳನ್ನು ಸಿಂಗರಿಸುವ ಹಾಡಿನಲ್ಲಿ ಶಿಕ್ಷೆ ನುಸುಳಬಾರದಲ್ಲ! ನಮ್ಮ ಫಾಂಟಿನಲ್ಲಿ ಆ ಚುಕ್ಕೆ ಇರಲಿಲ್ಲ. ಇನ್ನೊಂದು ಫಾಂಟಿನಿಂದ ಪೂರ್ಣವಿರಾಮ ತಂದು, ಕೆಳಕ್ಕಿಳಿಸಿ, ಎಡಕ್ಕೆ ಸರಿಸಿ, ಒಂದೊಂದು ಅಕ್ಷರದಡಿ ಕೂರಿಸಿದ್ದೆವು. ಪುಸ್ತಕದ ಉರ್ದು 'ಕಲಂ' ಎನ್ನುವಲ್ಲಿ ನಮ್ಮ ಹೆಂಗಸರು 'ಖ಼ಲಂ' ಎನ್ನುತ್ತಾರೆ. ಆಪಾ ಅದನ್ನು ತಿದ್ದದೆ ಅವರ ಬಾಯಿಯಲ್ಲಿದ್ದಂತೆಯೇ ಬರೆಸಿದರು. ಶಾಲೆಯಲ್ಲಿ ನಮ್ಮ ದಖ್ನಿ ಉಚ್ಚಾರಕ್ಕೆ ಬೆರಳ ಗಂಟಿಗೆ ಹೊಡೆಯುತ್ತಿದ್ದ ಅದೇ ಟೀಚರು! ಮುಪ್ಪಿನಲ್ಲಿ ಅವರು ಆ ಉಚ್ಚಾರಕ್ಕೆ ಕಾವಲು ನಿಂತರು. ಯಾವ ಪರಿವರ್ತಕಕ್ಕೆ ಹಾಕಿದ್ದರೂ ಆ ಚುಕ್ಕೆಗಳು ಪೂರ್ಣವಿರಾಮಗಳಾಗಿ ಸಾಲಿನ ನಡುವೆ ಚೆಲ್ಲಾಡುತ್ತಿದ್ದವು. ಪುಟವನ್ನು ಪುಟವಾಗಿಯೇ ನೋಡಿದ್ದರಿಂದ ಅವು ತಮ್ಮ ಜಾಗದಲ್ಲಿ ಸಿಕ್ಕವು.

ಕನ್ನಡ ಅಕ್ಷರಗಳು 1991ರ ಮೊದಲ ಯೂನಿಕೋಡ್ ಆವೃತ್ತಿಯಲ್ಲೇ ಇದ್ದವು. ಕನ್ನಡದ ನುಕ್ತೆಗೆ ಅಲ್ಲಿ ಜಾಗ ಸಿಕ್ಕಿದ್ದು 2003ರ ನಾಲ್ಕನೆಯ ಆವೃತ್ತಿಯಲ್ಲಿ. ಆಪಾ ತಮ್ಮ ಚುಕ್ಕೆಗಳಿಗಾಗಿ ನನ್ನ ಪಕ್ಕದಲ್ಲಿ ಸ್ಟೂಲು ಹಾಕಿಕೊಂಡು ಕೂರುತ್ತಿದ್ದುದು ಅದಕ್ಕಿಂತ ಒಂದು ವರ್ಷ ಮೊದಲು.

ಮೈಸೂರಿನಲ್ಲೇ 1905ರಲ್ಲಿ ಆರ್. ಶಾಮಶಾಸ್ತ್ರಿಗಳು ಓರಿಯೆಂಟಲ್ ಲೈಬ್ರರಿಗೆ ಬಂದ ಓಲೆಗರಿಗಳಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿದರು, 1909ರಲ್ಲಿ ಅಚ್ಚು ಹಾಕಿಸಿದರು. ಅದು ಗ್ರಂಥ ಲಿಪಿಯಲ್ಲಿತ್ತು. ಆ ಗರಿಗೆ ಬೇಕಾದದ್ದು ಲಿಪಿ ಬಲ್ಲ ಒಂದು ಜೊತೆ ಕಣ್ಣು ಮಾತ್ರ. ನಮ್ಮ ಇಪ್ಪತ್ತೆರಡು ವರ್ಷದ ಸೀಡಿಗೆ ಬೇಕಾದದ್ದು ಸತ್ತ ವಿಂಡೋಸು, ಸತ್ತ ಸೆಟಪ್, 25 ತೂತು, ಒಬ್ಬ ಮಂಡ್ಯದ ಹುಡುಗ, ಒಬ್ಬ ಹಟಮಾರಿ ಮುದುಕ. ಇದು ಒಂದು ಹಾಡಿನ ಪುಸ್ತಕದ ಕಷ್ಟವಷ್ಟೇ ಅಲ್ಲ. ತೊಂಬತ್ತರ ದಶಕದಿಂದ ಹತ್ತು ಹದಿನೈದು ವರ್ಷ ನಮ್ಮ ಸಣ್ಣ ಪತ್ರಿಕೆಗಳು, ಜಮಾಅತ್ತುಗಳ ಲೆಕ್ಕಪತ್ರ, ನಿಕಾಹ್ ದಾಖಲೆಗಳ ಪಟ್ಟಿ, ಸಂಘಗಳ ನಡಾವಳಿ, ಕಥೆಗಾರರ ಮೊದಲ ಸಂಕಲನಗಳು ಇದೇ ಬಗೆಯ ಫಾಂಟುಗಳಲ್ಲಿ ಕೂತಿವೆ. ನಾಳೆ ಯಾರದೋ ಮನೆತನದ, ಯಾವುದೋ ಖಬರಸ್ತಾನದ ಹಕ್ಕಿನ ಪ್ರಶ್ನೆ ಬಂದಾಗ 'ಕಂಪ್ಯೂಟರಿನಲ್ಲಿದೆ' ಎಂಬ ಉತ್ತರ ಸಾಲದು. ಯಾವ ಕಂಪ್ಯೂಟರಿನಲ್ಲಿ ಎಂದು ಕೇಳುತ್ತಾರೆ. ಹಳೆಯ ಯಂತ್ರ ಇನ್ನೂ ಉಸಿರಾಡುತ್ತಿರುವಾಗಲೇ ಅದನ್ನು ಕಾಗದಕ್ಕೂ ಪಿಡಿಎಫ್‌ಗೂ ಇಳಿಸಿ, ಬರಹವನ್ನು ಯೂನಿಕೋಡಿಗೆ ದಾಟಿಸುವುದು ಒಳ್ಳೆಯದು. ಸೆಟಪ್ ಸೀಡಿ, ಅದರ ಸಂಖ್ಯೆ ಬರೆದ ಚೀಟಿ, ಡಾಂಗಲ್ ಇವನ್ನು ಒಂದೇ ಡಬ್ಬಿಯಲ್ಲಿಡಬೇಕು. ಗುಜರಿಯವನಿಗೆ ಹಾಕುವ ಮುನ್ನ ಬನ್ನಿಮಂಟಪದ ಆ ಹುಡುಗನಂಥವರನ್ನು ಒಮ್ಮೆ ಕೇಳಬೇಕು.

ಈಗ ಆಪಾರ ಮೊಮ್ಮಗಳು ಮತ್ತು ನಾನು ಆ 140 ಪುಟಗಳನ್ನು ಯೂನಿಕೋಡಿನಲ್ಲಿ ಮತ್ತೆ ಟೈಪು ಮಾಡಿ ಮುಗಿಸಿದ್ದೇವೆ. ಅವಳಿಗೆ ಉರ್ದು ಓದಲು ಬಾರದು. ಮೊದಮೊದಲು ಚುಕ್ಕೆಗಳನ್ನು ಕಾಗದದ ಕಲೆಯೆಂದು ಬಿಡುತ್ತಿದ್ದಳು. ಹತ್ತನೆಯ ಹಾಡಿಗೆ ಬರುವಷ್ಟರಲ್ಲಿ ಗಟ್ಟಿಯಾಗಿ ಓದುತ್ತ, ತಾನಾಗಿ ಸರಿಯಾದ ಕಡೆ ಚುಕ್ಕೆ ಇಡತೊಡಗಿದಳು. ದಾದಿ ಮನೆಯಲ್ಲಿ ಆಡುತ್ತಿದ್ದುದು ಕಿವಿಯಲ್ಲಿ ಉಳಿದಿತ್ತು.

ಕಾರ್ಖಾನೆಯ ಆ ಭಾನುವಾರ ಇನ್ನೊಂದು ಘಟನೆ ನಡೆಯಿತು. ವಾರದ ಬಟವಾಡೆ ಇಸಿದುಕೊಳ್ಳಲು ಬಂದಿದ್ದ ಒಬ್ಬ ವಯಸ್ಸಾದ ಹೆಂಗಸು ಪ್ರಿಂಟರಿನಿಂದ ಬೀಳುತ್ತಿದ್ದ ಹಾಳೆಗಳನ್ನು ನೋಡುತ್ತ ನಿಂತಿದ್ದಳು. ಏನು ಎಂದು ಕೇಳಿದಳು. ಬೀಗಿತಿಯನ್ನು ಕೆಣಕುವ ಒಂದು ಹಾಡನ್ನು ಓದಿ ಹೇಳಿದೆ. ಸೆರಗು ಬಾಯಿಗೆ ಹಿಡಿದು ನಕ್ಕಳು. ಮಾಲೀಕರ ಎದುರು ನಾಚುತ್ತಲೇ, ಇದರ ಕೊನೆಯ ಎರಡು ನುಡಿ ಬಿಟ್ಟುಹೋಗಿದೆ ಎಂದು ಹಾಡಿದಳು. ಆಮೇಲೆ ಆಪಾರ ಕಡತದಲ್ಲಿಲ್ಲದ ಬೇರೊಂದನ್ನೂ ಹಾಡಿದಳು. ಹಾಳೆಯ ಹಿಂದೆ ಪೆನ್ಸಿಲ್ಲಿನಲ್ಲಿ ಬರೆದುಕೊಂಡೆ. ಪುಸ್ತಕದಲ್ಲಿ ಅದು 87ನೆಯದು.